ಮತ ಕೇಳಲು ಬಂದವರ ಹತ್ತಿರ ನೀರಿನ ಲೆಕ್ಕ ಕೇಳಿ: ದಾವಣಗೆರೆ ಜಿಲ್ಲೆಯ ಮತದಾರರಿಗೆ ಒಂದು ಬಹಿರಂಗ ಪತ್ರ

ದಾವಣಗೆರೆ ಜಿಲ್ಲೆಯ ಅಣ್ಣ ತಮ್ಮಂದಿರೇ, ಅಕ್ಕ ತಂಗಿಯರೇ,

ನಮಸ್ಕಾರ. ನಾನು ದಾವಣಗೆರೆ ಎಪಿಎಂಸಿ ಯಾರ್ಡಿನಲ್ಲಿ ದಲಾಲಿ ಅಂಗಡಿಯೊಂದರ ಲೆಕ್ಕ ಬರೆಯುವವನು. ನಮ್ಮ ಮನೆಯ ಜಮೀನು ಹರಿಹರ ತಾಲ್ಲೂಕಿನಲ್ಲಿದೆ, ಭದ್ರಾ ನಾಲೆಯ ಕೊನೆ ಭಾಗದಲ್ಲಿ. ಚುನಾವಣೆ ಬಂದಾಗಲೆಲ್ಲ ಒಂದು ಮಾತು ಎಲ್ಲರ ಬಾಯಲ್ಲೂ ಬರುತ್ತದೆ. ಜನ ಸರಿ ಇಲ್ಲ, ದುಡ್ಡು ಇಸ್ಕೊಂಡು ಓಟು ಹಾಕ್ತಾರೆ, ಎಲ್ಲರಿಗೂ ಬರೀ ಸ್ವಾರ್ಥ ಅಂತ. ಟೀ ಅಂಗಡಿಯಲ್ಲೂ ಇದೇ, ವೇದಿಕೆ ಭಾಷಣದಲ್ಲೂ ಇದೇ. ಈ ಮಾತು ನನಗೆ ಒಪ್ಪಿಗೆ ಇಲ್ಲ. ಓಟಿನ ವಿಷಯಕ್ಕೆ ಬಂದರೆ ನಮ್ಮ ಸ್ವಾರ್ಥ ಸಾಲದು ಅನ್ನುವುದು ನನ್ನ ದೂರು. ಯಾಕೆ, ನಾಲೆಯ ಕೊನೆಗೆ ನೀರು ಸರಿಯಾಗಿ ಮುಟ್ಟದಿರುವುದಕ್ಕೂ ಇದಕ್ಕೂ ಏನು ಸಂಬಂಧ ಅಂತ ಸ್ವಲ್ಪ ವಿವರವಾಗಿ ಹೇಳುತ್ತೇನೆ, ಸಮಾಧಾನದಿಂದ ಓದಿ.

ಯಾರ್ಡಿಗೆ ಮೆಕ್ಕೆಜೋಳ ತರುವ ರೈತರನ್ನು ನೋಡಿ. ಟ್ರ್ಯಾಕ್ಟರಿನಿಂದ ಇಳಿಸಿ ರಾಶಿ ಹಾಕುತ್ತಾರೆ. ರಾಶಿಗೆ ಲಾಟ್ ನಂಬರ್ ಬೀಳುತ್ತದೆ. ಖರೀದಿದಾರರು ರಾಶಿಯಿಂದ ರಾಶಿಗೆ ನಡೆದು, ತಳಕ್ಕೆ ಕೈ ಹಾಕಿ ಕಾಳು ತೆಗೆದು, ಹಲ್ಲಿನಲ್ಲಿ ಕಡಿದು ನೋಡುತ್ತಾರೆ. ಆಮೇಲೆ ಕಂಪ್ಯೂಟರಿನಲ್ಲಿ ಟೆಂಡರ್ ರೇಟು ಹಾಕುತ್ತಾರೆ. ಒಬ್ಬರು ಹಾಕಿದ್ದು ಇನ್ನೊಬ್ಬರಿಗೆ ಕಾಣುವುದಿಲ್ಲ. ಯಾರದು ಜಾಸ್ತಿಯೋ ಅವರ ಹೆಸರಿಗೆ ಲಾಟು. ರೇಟು ಹಿಡಿಸದಿದ್ದರೆ ಕೊಡುವುದಿಲ್ಲ ಅನ್ನುವ ಹಕ್ಕು ರೈತನಿಗೆ ಇದೆ. ತೇವಾಂಶದ ಮೀಟರ್ ಬಂದಾಗ ನೋಡಬೇಕು. ಬೆಂಬಲ ಬೆಲೆಯ ಖರೀದಿಗೆ ತೇವಾಂಶ 14% ದಾಟಬಾರದು, ಖಾಸಗಿಯವರೂ ಅದನ್ನೇ ಹಿಡಿದು ಚೌಕಾಶಿ ಮಾಡುತ್ತಾರೆ. ಒಬ್ಬರ ಮೀಟರ್ 17 ತೋರಿಸಿದರೆ ರೈತ ಒಪ್ಪುವುದಿಲ್ಲ. ಅದೇ ಕಾಳನ್ನು ಟವೆಲಿನಲ್ಲಿ ಕಟ್ಟಿಕೊಂಡು ಇನ್ನೊಂದು ಅಂಗಡಿಗೆ ಹೋಗಿ ಅಳೆಸುತ್ತಾನೆ. ಅಲ್ಲಿ 15 ಬಂದರೆ ವಾಪಸ್ ಬಂದು ವಾದ ಮಾಡುತ್ತಾನೆ. ತೂಕದ ಹತ್ತಿರ ಮಗನನ್ನು ನಿಲ್ಲಿಸುತ್ತಾನೆ. ಚೀಟಿಯಲ್ಲಿ ಹಮಾಲಿ ಎಷ್ಟು, ಚೀಲಕ್ಕೆ ಎಷ್ಟು ಕಳೆದಿದ್ದೀರಿ ಅಂತ ಸಾಲು ಸಾಲು ಕೇಳುತ್ತಾನೆ. ಓದು ಬರಹ ಬಾರದವರೂ ಕೇಳುತ್ತಾರೆ.

ಇಷ್ಟು ಹುಷಾರಾದ ಮನುಷ್ಯ ಎಮ್ಮೆಲ್ಲೆ ಅಭ್ಯರ್ಥಿ ಮನೆ ಬಾಗಿಲಿಗೆ ಬಂದಾಗ ಏನು ಕೇಳುತ್ತಾನೆ? ಕೈ ಮುಗಿಯುತ್ತಾನೆ, ನಗುತ್ತಾನೆ, ಆಯ್ತು ಬಿಡ್ರಿ ಅನ್ನುತ್ತಾನೆ. ಅಷ್ಟೇ.

ಬುದ್ಧಿ ಅದೇ, ಮನುಷ್ಯನೂ ಅವನೇ. ಬದಲಾಗುವುದು ಲೆಕ್ಕ. ಯಾರ್ಡಿನಲ್ಲಿ ಅರ್ಧ ಗಂಟೆ ವಾದ ಮಾಡಿ ಕ್ವಿಂಟಲಿಗೆ 50 ರೂಪಾಯಿ ಜಾಸ್ತಿ ಪಡೆದರೆ ಆ ದುಡ್ಡು ಅವನ ಜೇಬಿಗೇ ಬರುತ್ತದೆ. ಓಟಿನಲ್ಲಿ ಹಾಗಲ್ಲ. ಹತ್ತು ದಿನ ಓಡಾಡಿ, ಯಾವ ಅಭ್ಯರ್ಥಿ ಏನು ಮಾಡಿದ್ದಾನೆ ಅಂತ ತಿಳಿದುಕೊಂಡು ಓಟು ಹಾಕಿದರೂ ಆ ಒಂದು ಓಟಿನಿಂದ ಫಲಿತಾಂಶ ಬದಲಾಗುವುದಿಲ್ಲ. ಬದಲಾದರೂ ಲಾಭ ಊರಿಗೆಲ್ಲ ಹಂಚಿಹೋಗುತ್ತದೆ, ಶ್ರಮ ಮಾತ್ರ ಒಬ್ಬನದೇ. ಅಮೆರಿಕದ ಆಂಥೊನಿ ಡೌನ್ಸ್ ಅನ್ನುವ ಅರ್ಥಶಾಸ್ತ್ರಜ್ಞ 1957ರಲ್ಲೇ ಇದನ್ನು ಬಿಡಿಸಿ ಹೇಳಿದ್ದರು. ಮತದಾರ ತಲೆ ಕೆಡಿಸಿಕೊಳ್ಳದೆ ಇರುವುದು ದಡ್ಡತನದಿಂದಲ್ಲ, ತಿಳಿದುಕೊಳ್ಳುವ ಖರ್ಚಿಗೆ ತಕ್ಕ ಆದಾಯ ಇಲ್ಲ, ಅದಕ್ಕೆ. ಜನ ಸರಿ ಇಲ್ಲ ಅಂತ ಬೈಯುವವರು ಈ ಲೆಕ್ಕವನ್ನು ನೋಡಿಲ್ಲ.

ಈಗ ದುಡ್ಡಿನ ವಿಷಯ. ವಿಧಾನಸಭೆ ಚುನಾವಣೆಗೆ ಒಬ್ಬ ಅಭ್ಯರ್ಥಿ ಕಾನೂನಿನ ಪ್ರಕಾರ ಮಾಡಬಹುದಾದ ಖರ್ಚು 40 ಲಕ್ಷ ರೂಪಾಯಿ. 2022ರಲ್ಲಿ ಚುನಾವಣಾ ಆಯೋಗ ಏರಿಸಿದ ಮಿತಿ ಇದು. ನಮ್ಮ ಕಡೆ ಒಂದು ಕ್ಷೇತ್ರಕ್ಕೆ ಹೆಚ್ಚು ಕಡಿಮೆ 2 ಲಕ್ಷ ಮತದಾರರು. ಭಾಗಿಸಿ ನೋಡಿ. ತಲೆಗೆ 20 ರೂಪಾಯಿ. ಅದರಲ್ಲೇ ಜೀಪು, ಡೀಸೆಲ್, ಬ್ಯಾನರ್, ಊಟ ಎಲ್ಲ ಬರಬೇಕು. ಹಾಗಾದರೆ ನಿಮ್ಮ ಕೈಗೆ ಬರುವ ಐನೂರರ ನೋಟು ಯಾವ ಲೆಕ್ಕದ ಪುಸ್ತಕದಲ್ಲೂ ಇರಲು ಸಾಧ್ಯವಿಲ್ಲ. ಲೆಕ್ಕದಲ್ಲಿ ಇಲ್ಲದ ಬಂಡವಾಳ ಲೆಕ್ಕದಲ್ಲಿ ಇಲ್ಲದ ದಾರಿಯಲ್ಲೇ ವಾಪಸ್ ಬರಬೇಕು. ರಸ್ತೆ ಗುತ್ತಿಗೆಯಲ್ಲೋ, ಮರಳಿನಲ್ಲೋ, ವರ್ಗಾವಣೆಯಲ್ಲೋ ಬರುತ್ತದೆ. ಕೊಟ್ಟಿದ್ದು ಐನೂರು, ಐದು ವರ್ಷದಲ್ಲಿ ವಸೂಲಿ ಎಷ್ಟು ಅಂತ ನಮಗೆ ಯಾರೂ ಚೀಟಿ ಕೊಡುವುದಿಲ್ಲ.

ಆದರೂ ನೋಟು ತೆಗೆದುಕೊಂಡವರನ್ನು ನಾನು ಬೈಯಲಾರೆ. ಗುಪ್ತ ಮತದಾನ ಇರುವುದರಿಂದ ಯಾರು ಯಾರಿಗೆ ಹಾಕಿದರು ಅಂತ ಗೊತ್ತಾಗುವುದಿಲ್ಲ. ಎರಡು ಕಡೆಯೂ ಇಸ್ಕೊಂಡು ತಮಗೆ ಬೇಕಾದವರಿಗೆ ಹಾಕುವವರು ಬೇಕಾದಷ್ಟು ಜನ ಇದ್ದಾರೆ. ಕೊಡುವವರಿಗೂ ಇದು ಗೊತ್ತು. ಆದರೂ ಕೊಡುತ್ತಾರೆ, ಯಾಕೆಂದರೆ ಎದುರಾಳಿ ಕೊಟ್ಟು ತಾನು ಕೊಡದಿದ್ದರೆ ಏನು ಗತಿ ಅನ್ನುವ ಹೆದರಿಕೆ. ಯಾರೂ ಕೊಡದಿದ್ದರೆ ಇಬ್ಬರಿಗೂ ಉಳಿತಾಯ. ಆದರೆ ಮೊದಲು ನಿಲ್ಲಿಸುವ ಧೈರ್ಯ ಒಬ್ಬರಿಗೂ ಇಲ್ಲ. ಇನ್ನು ಮತದಾರನ ಕಡೆ, ಮಾರುವವರು 2 ಲಕ್ಷ, ಕೊಳ್ಳುವವರು ಇಬ್ಬರೋ ಮೂವರೋ. ಸುಗ್ಗಿಯಲ್ಲಿ ಎಲ್ಲರ ಮೆಕ್ಕೆಜೋಳ ಒಟ್ಟಿಗೆ ಯಾರ್ಡಿಗೆ ಬಂದಾಗ ರೇಟಿಗೆ ಏನಾಗುತ್ತದೋ ಓಟಿಗೂ ಅದೇ ಆಗುತ್ತದೆ.

ಒಂದು ವ್ಯತ್ಯಾಸವಿದೆ. ಯಾರ್ಡಿನಲ್ಲಿ ರೇಟು ಬೇಡ ಅಂದರೆ ಮಾಲು ನಿಮ್ಮದಾಗೇ ಉಳಿಯುತ್ತದೆ. ಮತಯಂತ್ರದಲ್ಲಿ 2013ರಿಂದ ನೋಟಾ, ಅಂದರೆ ಇವರಲ್ಲಿ ಯಾರೂ ಬೇಡ ಅನ್ನುವ ಗುಂಡಿ ಇದೆ, ಆದರೆ ಅದಕ್ಕೆ ಎಷ್ಟೇ ಓಟು ಬಿದ್ದರೂ ಉಳಿದವರಲ್ಲಿ ಜಾಸ್ತಿ ಪಡೆದವರು ಗೆದ್ದೇ ಗೆಲ್ಲುತ್ತಾರೆ. ಸಿಟ್ಟು ತೀರಿಸಿಕೊಳ್ಳಲು ಅದು ಸಾಕು, ಚೌಕಾಶಿಗೆ ಸಾಲದು.

ಹಾಗಾದರೆ ಚೌಕಾಶಿ ಮಾಡುವವರು ಯಾರೂ ಇಲ್ಲವೇ? ಇದ್ದಾರೆ. 2024ರ ಜೂನ್ 4ಕ್ಕೆ ಲೋಕಸಭೆ ಮತ ಎಣಿಕೆ ಆಯಿತು. ಅದೇ ಜೂನ್ 26ಕ್ಕೆ ಕೇಂದ್ರ ಸರ್ಕಾರ ಸುಮಾರು 5 ಲಕ್ಷ ಟನ್ ಮೆಕ್ಕೆಜೋಳವನ್ನು 15% ಸುಂಕದಲ್ಲಿ ಆಮದು ಮಾಡಿಕೊಳ್ಳಲು ಒಪ್ಪಿಗೆ ಕೊಟ್ಟಿತು. ಮಾಮೂಲಿ ಸುಂಕ 50%. ನಮ್ಮ ಹೊಲಗಳಲ್ಲಿ ಆಗತಾನೇ ಬಿತ್ತನೆ ನಡೆದಿತ್ತು. ಮೆಕ್ಕೆಜೋಳ ಕೊಳ್ಳುವ ಕೋಳಿ ಆಹಾರದ ಉದ್ಯಮ, ಸ್ಟಾರ್ಚ್ ಕಾರ್ಖಾನೆ, ಎಥೆನಾಲ್ ಘಟಕಗಳು ಸಂಖ್ಯೆಯಲ್ಲಿ ಕಡಿಮೆ. ಕ್ವಿಂಟಲಿಗೆ 100 ರೂಪಾಯಿ ಕಡಿಮೆಯಾದರೆ ಒಬ್ಬೊಬ್ಬರಿಗೂ ಲಕ್ಷ, ಕೋಟಿಗಳ ಉಳಿತಾಯ. ಹಾಗಾಗಿ ದಿಲ್ಲಿಯಲ್ಲಿ ಮನವಿ ಹಿಡಿದು ಕೂರಲು ಅವರಿಗೆ ಜನ ಇದ್ದಾರೆ, ಸಂಘ ಇದೆ. ಅವರು ತಮ್ಮ ಹಿತ ನೋಡಿಕೊಳ್ಳುತ್ತಾರೆ, ಅದರಲ್ಲಿ ತಪ್ಪಿಲ್ಲ. ಬೆಳೆಯುವವರು ಲಕ್ಷ ಲಕ್ಷ ಜನ. ಒಬ್ಬೊಬ್ಬರ ನಷ್ಟ ಕೆಲವೇ ಸಾವಿರ. ಆ ಕೆಲವು ಸಾವಿರಕ್ಕೆ ಯಾರು ದಿಲ್ಲಿಗೆ ಹೋಗುತ್ತಾರೆ? ಇದನ್ನು ಅಮೆರಿಕದ ಇನ್ನೊಬ್ಬ ಅರ್ಥಶಾಸ್ತ್ರಜ್ಞ ಮ್ಯಾನ್ಸರ್ ಓಲ್ಸನ್ 1965ರಲ್ಲಿ ವಿವರಿಸಿದರು. ಲಾಭ ಕೆಲವರ ಕೈಯಲ್ಲಿ ಗುಡ್ಡೆಯಾಗಿ, ನಷ್ಟ ಬಹಳ ಜನಕ್ಕೆ ಹಂಚಿಹೋದರೆ ಕೆಲವರೇ ಗೆಲ್ಲುತ್ತಾರೆ. ಮರುವರ್ಷ, ಅಂದರೆ 2025ರ ನವೆಂಬರಿನಲ್ಲಿ ಮೆಕ್ಕೆಜೋಳದ ಬೆಂಬಲ ಬೆಲೆ 2,400 ಇದ್ದರೆ ರಾಜ್ಯದ ಮಾರುಕಟ್ಟೆಗಳಲ್ಲಿ ರೇಟು 1,600ರಿಂದ 1,800ರ ಆಸುಪಾಸಿಗೆ ಇಳಿದಿತ್ತು. ರೇಟು ಬೀಳಲು ಕಾರಣ ಹಲವು, ಒಳ್ಳೆ ಫಸಲು ಕೂಡ ಒಂದು. ನನ್ನ ಸಂಕಟ ಬೇರೆ. ರೇಟು ಬಿದ್ದ ಮೇಲೆ ನಾವು ರಸ್ತೆಗೆ ಇಳಿಯುತ್ತೇವೆ. ಕೊಳ್ಳುವ ಉದ್ಯಮದವರು ರೇಟು ಏರುವ ಮೊದಲೇ ಕಚೇರಿಯ ಒಳಗೆ ಕೂತಿರುತ್ತಾರೆ.

ಬಹಳ ಜನ ಇರುವ ಕಡೆಯವರು ಯಾವಾಗಲೂ ಸೋಲುತ್ತಾರೆ ಅಂತಲೂ ಅಲ್ಲ. ಪಕ್ಕದ ಚಳ್ಳಕೆರೆ ನೋಡಿ. ಶೇಂಗಾ ಎಣ್ಣೆಗೆ ಹೆಸರಾದ ಊರು. 2024ರ ಸೆಪ್ಟೆಂಬರಿನಲ್ಲಿ ಕಚ್ಚಾ ಖಾದ್ಯ ತೈಲದ ಮೇಲೆ ಮೂಲ ಆಮದು ಸುಂಕ 20%ಗೆ ಏರಿತು. ಹೊರಗಿನ ಎಣ್ಣೆ ತುಟ್ಟಿಯಾದರೆ ಶೇಂಗಾ ಬೆಳೆಗಾರರಿಗೆ ಅನುಕೂಲ, ಎಣ್ಣೆ ಕೊಳ್ಳುವವರಿಗೆ ಭಾರ. 2025ರ ಮೇ ಕೊನೆಗೆ ಅದನ್ನೇ 10%ಗೆ ಇಳಿಸಿದರು. ಅಡುಗೆ ಎಣ್ಣೆ ತುಟ್ಟಿಯಾದರೆ ಪ್ರತಿ ಮನೆಯಲ್ಲೂ ಗೊತ್ತಾಗುತ್ತದೆ, ಸರ್ಕಾರಗಳು ಅದಕ್ಕೆ ಹೆದರುತ್ತವೆ. ಶೇಂಗಾ ಬೆಳೆಯುವ ಮನೆಯವರೇ ಅಂಗಡಿಯಲ್ಲಿ ಪಾಮ್ ಎಣ್ಣೆಯ ಪ್ಯಾಕೆಟ್ ಕೊಳ್ಳುತ್ತಾರೆ. ಒಂದೇ ಮನೆಯೊಳಗೆ ಎರಡು ಸ್ವಾರ್ಥ. ಕಣ್ಣಿಗೆ ಕಾಣುವ ಬೆಲೆ ಯಾವುದೋ ರಾಜಕಾರಣಿಗಳು ಅದರ ಕಡೆ ಓಡುತ್ತಾರೆ.

ನಮ್ಮ ಊರಿನ ಒಂದು ಹಳೇ ಕಥೆಯನ್ನು ಇಲ್ಲಿ ಹೇಳಲೇಬೇಕು. ದಾವಣಗೆರೆಯನ್ನು ಕರ್ನಾಟಕದ ಮ್ಯಾಂಚೆಸ್ಟರ್ ಅನ್ನುತ್ತಿದ್ದ ಕಾಲವದು. ಹತ್ತಿ ಗಿರಣಿಗಳ ಕಾರ್ಮಿಕರು ಇಲ್ಲಿಂದ ತಮ್ಮವರೇ ಆದ ಪಂಪಾಪತಿಯವರನ್ನು ವಿಧಾನಸಭೆಗೆ ಕಳಿಸಿದರು. 1978, 1983, 1985, ಹೀಗೆ ಮೂರು ಸಲ, ಕಮ್ಯುನಿಸ್ಟ್ ಪಕ್ಷದಿಂದ. ಗಿರಣಿ ಕಾರ್ಮಿಕರು ಉಳಿದವರಿಗಿಂತ ತ್ಯಾಗಿಗಳಾಗಿದ್ದರು ಅಂತ ನಾನು ಹೇಳುವುದಿಲ್ಲ. ಅವರಿಗೂ ಬೇಕಾಗಿದ್ದು ಕೂಲಿ, ಬೋನಸ್ಸು, ಮನೆ. ಆದರೆ ಒಂದೇ ಸೈರನ್ನಿಗೆ ಒಂದೇ ಗೇಟಿನಲ್ಲಿ ಸಾವಿರಾರು ಜನ ಸೇರುತ್ತಿದ್ದರು. ಒಬ್ಬನಿಗೆ ಕೂಲಿ ಎಷ್ಟು ಅಂತ ಎಲ್ಲರಿಗೂ ಗೊತ್ತಿತ್ತು. ಯೂನಿಯನ್ ಸದಸ್ಯನಾದರೆ ಕಷ್ಟಕ್ಕೆ ಯಾರೋ ನಿಲ್ಲುತ್ತಾರೆ ಅನ್ನುವ ಧೈರ್ಯವಿತ್ತು. ಒಗ್ಗೂಡುವ ಖರ್ಚು ಕಡಿಮೆ ಇತ್ತು ಅನ್ನಿ. ಗಿರಣಿಗಳು ಒಂದೊಂದಾಗಿ ಬಾಗಿಲು ಹಾಕಿದ ಮೇಲೆ ಆ ಗೇಟೂ ಹೋಯಿತು, ಆ ಚೌಕಾಶಿಯ ಶಕ್ತಿಯೂ ಹೋಯಿತು.

ಈಗ ನಮ್ಮಲ್ಲಿ ಆ ಜಾಗದಲ್ಲಿ ಇರುವುದು ಜಾತಿ ಸಂಘ ಮತ್ತು ಮಠ. ಚುನಾವಣೆಯಲ್ಲಿ ಜಾತಿ ಯಾಕೆ ಇಷ್ಟು ನಡೆಯುತ್ತದೆ ಅಂತ ಪೇಟೆಯ ಓದಿದವರು ಮೂಗು ಮುರಿಯುತ್ತಾರೆ. ಕಾರಣ ಕಣ್ಣೆದುರಿಗೇ ಇದೆ. ಸಭೆ ಕರೆಯಲು ಸಮುದಾಯ ಭವನ ಇದೆ, ಹೇಳಿದರೆ ಕೇಳುವ ಹಿರಿಯರಿದ್ದಾರೆ, ಮಕ್ಕಳಿಗೆ ಹಾಸ್ಟೆಲ್ ಇದೆ. ಒಗ್ಗೂಡುವ ಖರ್ಚನ್ನು ಹಿಂದಿನವರೇ ಕಟ್ಟಿಟ್ಟಿದ್ದಾರೆ. ಇದರಿಂದ ಒಳ್ಳೆಯದೂ ಆಗಿದೆ. ಜಗಳೂರಿನ ಬರದ ಸೀಮೆಗೆ ತುಂಗಭದ್ರೆಯಿಂದ 57 ಕೆರೆ ತುಂಬಿಸುವ ಯೋಜನೆ ಬಂದಿದ್ದರ ಹಿಂದೆ ಸಿರಿಗೆರೆ ಸ್ವಾಮಿಗಳು ಬೆನ್ನು ಹತ್ತಿದ್ದು ಎಲ್ಲರಿಗೂ ಗೊತ್ತಿದೆ. ಕೆರೆ ನೀರು ಜಾತಿ ನೋಡಿ ಬೋರ್‌ವೆಲ್ಲಿಗೆ ಇಳಿಯುವುದಿಲ್ಲ. ಆದರೆ ಎಲ್ಲ ಬೇಡಿಕೆಗೂ ಒಬ್ಬ ಸ್ವಾಮಿಗಳು ಸಿಗುವುದಿಲ್ಲ. ಕೊನೆ ಭಾಗದ ರೈತರು ಅನ್ನುವ ಜಾತಿ ಯಾವ ಪಟ್ಟಿಯಲ್ಲೂ ಇಲ್ಲ.

ಭದ್ರಾ ನಾಲೆಯ ವಿಷಯಕ್ಕೆ ಬರುತ್ತೇನೆ, ಈ ಪತ್ರ ಬರೆಯಲು ಕೂತಿದ್ದೇ ಅದಕ್ಕೆ.

ಲಕ್ಕವಳ್ಳಿಯ ಡ್ಯಾಮು ತುಂಬಿದರೆ 71.5 ಟಿಎಂಸಿ. ಬಲದಂಡೆ ನಾಲೆ ಭದ್ರಾವತಿ, ಚನ್ನಗಿರಿ ಸೀಮೆ ದಾಟಿ ನಮ್ಮ ಕಡೆ ಬರುತ್ತದೆ. ಕೊನೆಗೆ ಮಲೇಬೆನ್ನೂರು, ದಾವಣಗೆರೆ ಶಾಖಾ ನಾಲೆಗಳು. ನೀರು ಬಿಟ್ಟ ದಿನ ಪೇಪರಿನಲ್ಲಿ ಬಾಗಿನದ ಫೋಟೋ ಬರುತ್ತದೆ. ನಮ್ಮ ಹೊಲಗಾಲುವೆಗೆ ಆ ನೀರು ಬರಬೇಕಾದರೆ ದಿನಗಟ್ಟಲೆ ಕಾಯಬೇಕು. ಸರದಿಯಲ್ಲಿ ನೀರು ಬಂದ್ ಆಗುವ ಹೊತ್ತಿಗೆ ನಮ್ಮಲ್ಲಿ ಗದ್ದೆ ಆಗತಾನೇ ಒದ್ದೆಯಾಗಿರುತ್ತದೆ. ರಾತ್ರಿ ಟಾರ್ಚ್ ಹಿಡಿದು ತೂಬಿನ ಹತ್ತಿರ ಕೂರುವುದು ಕೊನೆ ಭಾಗದ ಪ್ರತಿ ಮನೆಯ ಗಂಡಸರಿಗೂ ಗೊತ್ತು. ಮೇಲಿನ ಭಾಗದಲ್ಲಿ ನಾಲೆಗೇ ಪಂಪ್‌ಸೆಟ್ ಇಟ್ಟು ಎತ್ತುತ್ತಾರೆ. ಅಧಿಕಾರಿಗಳು ಒಮ್ಮೊಮ್ಮೆ ತೆಗೆಸುತ್ತಾರೆ, ಮತ್ತೆ ಬರುತ್ತವೆ.

ಓಲ್ಸನ್ ಹೇಳಿದ್ದು ಇಲ್ಲೂ ಅದೇ. ಒಂದು ಪಂಪಿನಿಂದ ಒಬ್ಬರ ತೋಟ ಉಳಿಯುತ್ತದೆ, ಅದನ್ನು ಉಳಿಸಿಕೊಳ್ಳಲು ಅವರು ಎಷ್ಟು ಓಡಾಟಕ್ಕೂ ತಯಾರು. ಅದರ ನಷ್ಟ ಕೆಳಗಿನ ನೂರು ಜನಕ್ಕೆ ಒಂದೊಂದು ಗಂಟೆಯ ನೀರಾಗಿ ಹಂಚಿಹೋಗುತ್ತದೆ. ಒಂದು ಗಂಟೆಯ ನೀರಿಗೆ ಯಾರು ಶಿವಮೊಗ್ಗದ ಕಾಡಾ (ಅಚ್ಚುಕಟ್ಟು ಪ್ರಾಧಿಕಾರ) ಕಚೇರಿಗೆ ಬಸ್ ಹತ್ತುತ್ತಾರೆ? ಮೆಕ್ಕೆಜೋಳಕ್ಕಾದರೆ ಟೆಂಡರ್ ಇದೆ, ರೇಟು ಇದೆ. ನಾಲೆ ನೀರಿಗೆ ಟೆಂಡರ್ ಇಲ್ಲ, ಇರಲೂ ಬಾರದು, ಇದ್ದರೆ ದುಡ್ಡಿದ್ದವರ ಗದ್ದೆ ಮಾತ್ರ ಹಸಿರಾಗುತ್ತದೆ. ಬೆಲೆ ಇಲ್ಲದ ಕಡೆ ಹಂಚುವುದು ಪ್ರಭಾವ. ಪ್ರಭಾವ ಬರುವುದು ಓಟಿನಿಂದ. ಅದಕ್ಕೇ ಹೇಳುತ್ತಿದ್ದೇನೆ, ಮೆಕ್ಕೆಜೋಳದ ರಾಶಿ ಮುಂದೆ ತೋರಿಸುವ ಹುಷಾರಿಯನ್ನು ಎಲ್ಲಕ್ಕಿಂತ ಜಾಸ್ತಿ ತೋರಿಸಬೇಕಾದ ಜಾಗ ಇದು.

ಚನ್ನಗಿರಿ ಕಡೆಯ ಅಡಿಕೆ ಬೆಳೆಗಾರರೂ ಇದನ್ನು ಓದುತ್ತೀರಿ ಅಂತ ಗೊತ್ತು. ನಿಮ್ಮ ತೋಟ ಒಣಗಲಿ ಅಂತ ನಾವು ಯಾರೂ ಬಯಸುವುದಿಲ್ಲ. ಎಕರೆಗೆ ಲಕ್ಷಗಟ್ಟಲೆ ಹಾಕಿ ಹತ್ತು ವರ್ಷ ಕಾದ ಗಿಡ ಅದು. ನಿಮ್ಮ ಹಿತ, ನಮ್ಮ ಹಿತ ಬೇರೆ ಬೇರೆ ಇರುವುದು ನಿಜ. ಅದನ್ನು ಲೆಕ್ಕ ಇಟ್ಟುಕೊಂಡು ಹಗಲಿನಲ್ಲಿ ಮಾತಾಡೋಣ ಅನ್ನುವುದಷ್ಟೇ ನನ್ನ ಮಾತು. ಈಗ ರಾತ್ರಿ ತೂಬಿನ ಹತ್ತಿರ ಬಡಿದಾಡುತ್ತಿದ್ದೇವೆ.

ದೊಡ್ಡ ಘೋಷಣೆಗಳ ಬಗ್ಗೆಯೂ ಒಂದು ಮಾತು. 2023ರ ಫೆಬ್ರುವರಿ 1ರ ಕೇಂದ್ರ ಬಜೆಟ್‌ನಲ್ಲಿ, ಬರದ ಸೀಮೆಗೆ ನೀರು ಒಯ್ಯುವ ಭದ್ರಾ ಮೇಲ್ದಂಡೆ ಯೋಜನೆಗೆ 5,300 ಕೋಟಿ ಅಂತ ಹೇಳಿದರು. ಚಿತ್ರದುರ್ಗ, ಜಗಳೂರು ಕಡೆ ಪಟಾಕಿ ಹೊಡೆಯುವಂಥ ಸುದ್ದಿ. ಮೇ 10ಕ್ಕೆ ವಿಧಾನಸಭೆ ಚುನಾವಣೆ ಇತ್ತು. ಘೋಷಣೆಯಾಗಿ ಎರಡು ವರ್ಷ ಕಳೆದರೂ ದುಡ್ಡು ಬಂದಿಲ್ಲ ಅಂತ ರಾಜ್ಯ ಸರ್ಕಾರ ದೂರುತ್ತಲೇ ಇತ್ತು. ಚುನಾವಣೆಯ ಮುಂಚೆ ಸಿಹಿ, ಆಮೇಲೆ ಕಹಿ ಅನ್ನುವುದು ನಮ್ಮೂರಿನ ವಿಶೇಷವೇನಲ್ಲ. ಅರ್ಥಶಾಸ್ತ್ರಜ್ಞ ವಿಲಿಯಂ ನಾರ್ಡ್‌ಹೌಸ್ 1975ರಲ್ಲೇ ಇಂಥ ಚಕ್ರದ ಬಗ್ಗೆ ಬರೆದಿದ್ದರು. ಮತದಾರನಿಗೆ ನೆನಪು ಕಡಿಮೆ ಅಂತ ಸರ್ಕಾರ ನಂಬಿದರೆ ಹೀಗೇ ನಡೆದುಕೊಳ್ಳುತ್ತದೆ.

ಗ್ಯಾರಂಟಿಗಳನ್ನು ನಾನು ಐನೂರರ ನೋಟಿನ ಜೊತೆ ಸೇರಿಸುವುದಿಲ್ಲ. ಗೃಹಲಕ್ಷ್ಮಿಯ 2,000 ರೂಪಾಯಿ ಎದುರು ಪಕ್ಷಕ್ಕೆ ಓಟು ಹಾಕಿದ ಮನೆಗೂ ಬರುತ್ತದೆ. ಬಂದಿಲ್ಲ ಅಂದರೆ ಬೀದಿಯಲ್ಲಿ ನಿಂತು ಕೇಳಬಹುದು. ಯಾರ್ಡಿನಲ್ಲಿ ಕಾಳು ಹಸನು ಮಾಡುವ ಹೆಂಗಸರು ಈಗ ಬಸ್ ಚಾರ್ಜಿನ ಯೋಚನೆ ಇಲ್ಲದೆ ಬರುತ್ತಾರೆ, ಅದನ್ನು ದಿನಾ ನೋಡುತ್ತೇನೆ. ಆದರೆ ಪಕ್ಷಗಳಿಗೆ ಇದರ ರುಚಿ ಯಾಕೆ ಹತ್ತಿತು ಅಂತ ನೋಡಿ. ಮನೆ ಮನೆಗೆ ಹೋಗುವ ದುಡ್ಡಿಗೆ ಕೊಟ್ಟವರ ಹೆಸರು ಇರುತ್ತದೆ. ನಾಲೆಯ ಹೂಳು ತೆಗೆದರೆ, ಗೇಟು ಸರಿ ಮಾಡಿದರೆ ಯಾರ ಹೆಸರೂ ಇರುವುದಿಲ್ಲ. ಅದನ್ನು ನಾವೇ ಕೇಳಿ ಹೆಸರು ಕೊಡಬೇಕು.

ಕೇಳಲು ಒಂದು ಹತ್ತಿರದ ಜಾಗ ಇತ್ತು, ಜಿಲ್ಲಾ ಪಂಚಾಯಿತಿ. 2016ರಲ್ಲಿ ಚುನಾವಣೆ ಆಗಿ 2021ರಲ್ಲಿ ಅವಧಿ ಮುಗಿಯಿತು. ಅವಧಿ ಮುಗಿಯುವ ಮೊದಲೇ ಚುನಾವಣೆ ಆಗಬೇಕು ಅಂತ ಸಂವಿಧಾನದ 243ಇ ವಿಧಿ ಹೇಳುತ್ತದೆ. ಆದರೆ ಕ್ಷೇತ್ರ ವಿಂಗಡಣೆ, ಮೀಸಲಾತಿ ಅಂತ ಹೇಳುತ್ತಾ ವರ್ಷಗಟ್ಟಲೆ ಆಡಳಿತಾಧಿಕಾರಿಗಳ ಕೈಯಲ್ಲೇ ನಡೆಸಿದರು. ಬಿಜೆಪಿ, ಕಾಂಗ್ರೆಸ್ ಎರಡೂ ಪಕ್ಷದ ಸರ್ಕಾರಗಳು ಹೀಗೇ ಮಾಡಿದವು. ಜಿಲ್ಲಾ ಪಂಚಾಯಿತಿ ಸದಸ್ಯ ನಾಳೆ ಎಮ್ಮೆಲ್ಲೆ ಟಿಕೆಟ್ ಕೇಳುವವನು. ಅವನನ್ನು ಬೆಳೆಸುವುದರಲ್ಲಿ ಇವತ್ತಿನ ಎಮ್ಮೆಲ್ಲೆಗೆ ಏನು ಲಾಭ? ಇದು ನನ್ನ ಅಭಿಪ್ರಾಯ, ಒಪ್ಪದವರು ಬೇರೆ ಕಾರಣ ಹೇಳಲಿ.

ಒಂದು ಓಟಿಗೆ ಬೆಲೆ ಇಲ್ಲ ಅಂತ ಆಗಲೇ ಹೇಳಿದೆ. ಒಟ್ಟಾದ ಓಟಿನ ಲೆಕ್ಕ ಬೇರೆ. 2024ರಲ್ಲಿ ದಾವಣಗೆರೆ ಲೋಕಸಭೆಯಲ್ಲಿ ಮತದಾರರು ಸುಮಾರು 17 ಲಕ್ಷ, ಗೆಲುವಿನ ಅಂತರ ಸುಮಾರು 26 ಸಾವಿರ. 13 ಸಾವಿರಕ್ಕಿಂತ ಸ್ವಲ್ಪ ಜಾಸ್ತಿ ಜನ ಆ ಕಡೆಯಿಂದ ಈ ಕಡೆ ಬಂದಿದ್ದರೆ ಫಲಿತಾಂಶ ತಿರುಗುತ್ತಿತ್ತು. 2023ರಲ್ಲಿ ಜಗಳೂರು ವಿಧಾನಸಭೆಯ ಅಂತರ 874. ಒಂದು ದೊಡ್ಡ ಹಳ್ಳಿಯಲ್ಲೇ ಅದಕ್ಕಿಂತ ಜಾಸ್ತಿ ಓಟಿವೆ. ಹರಿಹರ, ದಾವಣಗೆರೆ ತಾಲ್ಲೂಕಿನ ಕೊನೆ ಭಾಗದ ಹಳ್ಳಿಗಳು ಒಂದೇ ಮಾತು ಆಡಿದರೆ ಯಾವ ಪಕ್ಷವೂ ಕಿವುಡಾಗಿರಲು ಸಾಧ್ಯವಿಲ್ಲ. ಯಾರಿಗೆ ಓಟು ಹಾಕಬೇಕು ಅಂತ ಒಂದಾಗಬೇಕಿಲ್ಲ. ಏನು ಕೇಳಬೇಕು ಅಂತ ಒಂದಾದರೆ ಸಾಕು.

ಬೇಡಿಕೆ ಜಾಸ್ತಿ ಆದರೆ ಎಲ್ಲದಕ್ಕೂ ಆಯ್ತು ಅನ್ನುತ್ತಾರೆ. ಹಾಗಾಗಿ ಒಂದನ್ನೇ ಹಿಡಿಯೋಣ. ನಾಲೆಯಲ್ಲಿ ನೀರು ಇರುವಷ್ಟು ದಿನವೂ, ಡ್ಯಾಮಿನಿಂದ ಎಷ್ಟು ಕ್ಯೂಸೆಕ್ ಬಿಟ್ಟರು, ಚನ್ನಗಿರಿ ಗಡಿ ದಾಟಿ ಎಷ್ಟು ಬಂತು, ಶಾಖಾ ನಾಲೆಯ ಕೊನೆಗೆ ಎಷ್ಟು ಮುಟ್ಟಿತು ಅನ್ನುವ ಮೂರು ಅಂಕಿ ಪ್ರತಿ ಗ್ರಾಮ ಪಂಚಾಯಿತಿಯ ಬೋರ್ಡಿನಲ್ಲಿ ಮತ್ತು ಮೊಬೈಲಿನಲ್ಲಿ ಅದೇ ದಿನ ಸಿಗಬೇಕು. ದೊಡ್ಡ ಖರ್ಚಿಲ್ಲ. ಅಳತೆಗಲ್ಲು, ಅಳೆಯುವ ಒಬ್ಬ ಮನುಷ್ಯ, ಒಂದು ಫೋನು. ತಿಳಿದುಕೊಳ್ಳುವ ಖರ್ಚು ಇಳಿದರೆ ಕೇಳುವವರು ತಾವಾಗೇ ಹುಟ್ಟುತ್ತಾರೆ. ನೀರು ಎಲ್ಲಿ ಕಳೆದುಹೋಯಿತು ಅಂತ ಊಹೆ ಮಾಡಿ ಜಗಳ ಆಡುವುದೂ ನಿಲ್ಲುತ್ತದೆ.

ಮುಂದಿನ ಗ್ರಾಮಸಭೆಯಲ್ಲಿ ಇದನ್ನು ಒಂದೇ ವಾಕ್ಯದಲ್ಲಿ ಠರಾವು ಮಾಡಿಸಿ, ನಡಾವಳಿ ಪುಸ್ತಕದಲ್ಲಿ ಬರೆಸಿ, ಪ್ರತಿ ಇಟ್ಟುಕೊಳ್ಳಿ. ಯಾವ ಪಕ್ಷದವರು ಮತ ಕೇಳಲು ಬಂದರೂ ಆ ಪ್ರತಿಯನ್ನೇ ಮುಂದಿಟ್ಟು, ಎಷ್ಟು ತಿಂಗಳಲ್ಲಿ ಅಂತ ತಾರೀಖು ಹಾಕಿಸಿ, ಊರಿನವರ ಎದುರು ಸಹಿ ಮಾಡಿಸಿ. ಸಹಿ ಹಾಕಿದವರು ಯಾರು, ಹಾಕದವರು ಯಾರು ಅಂತ ಪಕ್ಕದ ಹಳ್ಳಿಗೂ ತಿಳಿಸಿ. ಠರಾವಿನ ಕರಡು ಬೇಕಿದ್ದವರು ಸಂತೆ ದಿನ ಯಾರ್ಡಿಗೆ ಬಂದರೆ ನಾನೇ ಬರೆದುಕೊಡುತ್ತೇನೆ.

ನಿಮ್ಮವನು,
ದಾವಣಗೆರೆ ಎಪಿಎಂಸಿಯ ಒಬ್ಬ ಗುಮಾಸ್ತ